ರೂಪಾಂತರ ಶಾಸ್ತ್ರವನ್ನು ನಾನು ಕಟ್ಟಿದ್ದು ಎಲುಬಿನ ಲೆಕ್ಕದಿಂದ

ಮಂತ್ರ ಹೇಳಿದ ಕೂಡಲೇ ಮನುಷ್ಯ ಹುಲಿಯಾಗುವ ಕಥೆಗೆ ಶಾಸ್ತ್ರ ಬೇಕಿಲ್ಲ. ಪಾತ್ರ ವಹಿಸಿ, ದಾಳ ಹಾಕಿ ಕಥೆ ಆಡುವ ಮಡಿಕೇರಿಯ ನಮ್ಮ ಆಟದ ಗುಂಪಿಗೆ ನಾನು ಕಟ್ಟಿದ ಕಲ್ಪಿತ ಲೋಕದಲ್ಲಿ ರೂಪಾಂತರ ಎಂದರೆ ವಿದ್ಯಾಪೀಠದಲ್ಲಿ ವರ್ಷಗಟ್ಟಲೆ ಕಲಿಯುವ ವಿದ್ಯೆ. ಹಾಗಾದರೆ ಅಷ್ಟು ವರ್ಷ ಕಲಿಯುವಂಥದ್ದು ಅದರಲ್ಲಿ ಏನಿದೆ? ಇದಕ್ಕೆ ಉತ್ತರವಿಲ್ಲದಿದ್ದರೆ ಆಟ ಎರಡೇ ವಾರದಲ್ಲಿ ಸಪ್ಪೆಯಾಗುತ್ತದೆ. ನಾನಿಟ್ಟ ನಿಯಮ ಒಂದೇ: ಆಕಾರ ಬದಲಾಗುತ್ತದೆ, ಮೈಯಲ್ಲಿರುವ ಸರಕು ಬದಲಾಗುವುದಿಲ್ಲ. ಹೆಚ್ಚಾದದ್ದನ್ನು ಎಲ್ಲಾದರೂ ಇಡಬೇಕು, ಕಡಿಮೆಬಿದ್ದದ್ದನ್ನು ಎಲ್ಲಿಂದಾದರೂ ತರಬೇಕು. ಈ ಹೆಚ್ಚುಕಡಿಮೆಯನ್ನೇ ‘ಉಳಿಕೆ’ ಎಂದು ಕರೆದೆ.

ಮೊದಲು ತೂಕ ನೋಡಿ. ತೂಕದ ಉಳಿಕೆ ಬೇಡವೆಂದರೆ 60 ಕೆ.ಜಿ.ಯ ಮನುಷ್ಯ 60 ಕೆ.ಜಿ.ಯ ಪ್ರಾಣಿಯೇ ಆಗಬೇಕು. ನಮ್ಮ ಕಾಡಿನಲ್ಲಿ ಚಿರತೆ, ಕಾಡುಹಂದಿ, ಚುಕ್ಕೆ ಜಿಂಕೆ ಇದಕ್ಕೆ ಹೊಂದುತ್ತವೆ. 60 ಕೆ.ಜಿ.ಯ ಆನೆ ಎಂದರೆ ಆಗತಾನೇ ಹುಟ್ಟಿದ ಮರಿಗಿಂತಲೂ ಚಿಕ್ಕದು. ಮಂಗಟ್ಟೆ ಹಕ್ಕಿಯಾದರೆ ಹಾರುವ ಆಸೆ ಬಿಡಬೇಕು: ಉದ್ದ ಎರಡು ಪಟ್ಟಾದರೆ ರೆಕ್ಕೆಯ ವಿಸ್ತೀರ್ಣ ನಾಲ್ಕು ಪಟ್ಟಾಗುತ್ತದೆ, ತೂಕ ಮಾತ್ರ ಎಂಟು ಪಟ್ಟು. ಆಟದಲ್ಲಿ ಪ್ರತಿ 10 ಕೆ.ಜಿ. ವ್ಯತ್ಯಾಸಕ್ಕೆ ಒಂದು ಉಳಿಕೆ. ಮರಳಿ ಮನುಷ್ಯರಾಗುವಾಗ ಆರು ಮುಖದ ದಾಳ ಹಾಕಬೇಕು. ಉಳಿಕೆಗಿಂತ ಹೆಚ್ಚು ಬಿದ್ದರೆ ಪೂರ್ತಿ ಮರಳಿದಂತೆ. ಸಮ ಅಥವಾ ಕಡಿಮೆ ಬಿದ್ದರೆ ಮೈಯ ಒಂದು ಭಾಗ ಪ್ರಾಣಿಯದ್ದೇ ಆಗಿ ನಿಲ್ಲುತ್ತದೆ. ಆರು ಉಳಿಕೆ ಹೊತ್ತವರಿಗೆ ಪೂರ್ತಿ ಮರಳುವ ದಾರಿಯೇ ಇಲ್ಲ.

ಶಾಸ್ತ್ರದ ನಿಜವಾದ ತಿರುಳು ಇರುವುದು ಕೀಲುಗಳಲ್ಲಿ. ಜಿಂಕೆಯ ಪಾಠವನ್ನೇ ತೆಗೆದುಕೊಳ್ಳಿ. ಕುತ್ತಿಗೆ ಮುಟ್ಟಬೇಕಿಲ್ಲ, ಮನುಷ್ಯನಿಗೂ ಜಿಂಕೆಗೂ ಕುತ್ತಿಗೆಯಲ್ಲಿ ಏಳೇ ಮಣಿಗಳು, ಉದ್ದ ಮಾಡಿದರೆ ಸಾಕು. ಹಿಂಗಾಲಿನಲ್ಲಿ ಹಿಂದಕ್ಕೆ ಬಾಗಿದಂತೆ ಕಾಣುವುದು ಮಂಡಿ ಅಲ್ಲ, ಹಿಮ್ಮಡಿಯ ಗಂಟು. ಆದ್ದರಿಂದ ಮೊದಲು ಹಿಮ್ಮಡಿ ಎತ್ತಬೇಕು, ಆಮೇಲೆ ಪಾದ ಉದ್ದವಾಗಬೇಕು, ಕೊನೆಗೆ ಮೂರನೇ ಮತ್ತು ನಾಲ್ಕನೇ ಬೆರಳು ಗೊರಸಾಗಬೇಕು. ಎರಡನೆಯದೂ ಐದನೆಯದೂ ಹಿಂದೆ ಚಿಕ್ಕ ಗೊರಸಾಗಿ ಉಳಿಯುತ್ತವೆ, ಹೆಬ್ಬೆರಳು ಇಲ್ಲವಾಗುತ್ತದೆ. ಅವಸರಕ್ಕೆ ಗೊರಸನ್ನು ಮೊದಲು ಮಾಡಿದ ವಿದ್ಯಾರ್ಥಿ ಹಿಮ್ಮಡಿ ಊರಿಕೊಂಡೇ ನಿಂತಿರುತ್ತಾನೆ. ಎದ್ದು ಓಡಲು ಹೋದರೆ ಮುಗ್ಗರಿಸಿ ಬೀಳುತ್ತಾನೆ.

ಎಲ್ಲಕ್ಕಿಂತ ಕಷ್ಟದ್ದು ಕೊರಳೆಲುಬು, ಅಂದರೆ ಎದೆಯ ಮೇಲಿಂದ ಭುಜಕ್ಕೆ ಹೋಗುವ ಕಾಲರ್ ಬೋನ್. ಜಿಂಕೆಗೆ ಅದು ಇಲ್ಲವೇ ಇಲ್ಲ. ಮುಂಗಾಲು ಎದೆಗೂಡಿಗೆ ಬರೀ ಮಾಂಸಖಂಡದ ಮೇಲೆ ಜೋತುಕೊಂಡಿರುತ್ತದೆ. ಅಂದರೆ ಎರಡು ಎಲುಬು ಹೆಚ್ಚಾದವು. ಅವನ್ನು ಕೊಂಬಿಗೆ ಕಳಿಸುವ ಕ್ರಮ ಮಾಡಿದೆ, ಏಕೆಂದರೆ ಜಿಂಕೆಯ ಕೊಂಬೂ ಎಲುಬೇ. ಆದರೆ ಅದು ವರ್ಷಕ್ಕೊಮ್ಮೆ ಉದುರಿ ಹೊಸದಾಗಿ ಬೆಳೆಯುವಂಥದ್ದು. ಕಾಳಗದಲ್ಲಿ ಕೊಂಬು ಮುರಿದರೋ, ಉದುರುವ ಕಾಲದಲ್ಲಿ ಕಾಡಿಗೆ ಹೋದರೋ, ಮರಳಿದ ಮೇಲೆ ಭುಜಕ್ಕೆ ಆಸರೆ ಇಲ್ಲ, ತೋಳು ಸರಿಯಾಗಿ ಎತ್ತಲು ಬರುವುದಿಲ್ಲ. ಹೆಣ್ಣು ಜಿಂಕೆಯ ರೂಪಕ್ಕೆ ಕೊಂಬಿಲ್ಲ, ಹಾಗಾಗಿ ನೇರವಾಗಿ ಎರಡು ಉಳಿಕೆ. ಆಟಗಾರರು ಹೆಚ್ಚು ತಲೆ ಕೆಡಿಸಿಕೊಳ್ಳುವುದು ಇಲ್ಲೇ. ನನಗೂ ಈ ಶಾಸ್ತ್ರದಲ್ಲಿ ತುಂಬ ಇಷ್ಟದ ಭಾಗ ಇದು.

ರೂಪ ಬದಲಿಸುವ ಮುದ್ರೆ ಹಿಡಿಯಲು ಬೆರಳು ಬೇಕು. ಅದಕ್ಕೇ ಬಲಗೈ ಕೊನೆಗೆ ಬದಲಾಗುತ್ತದೆ. ಗೊರಸಾದ ಕೈಯಿಂದ ಮರಳುವ ಮುದ್ರೆ ಹಾಕಲಾಗದ ಕಾರಣ ಯಾರೂ ಒಂಟಿಯಾಗಿ ಹೋಗುವಂತಿಲ್ಲ, ಜೊತೆಗಾರರೊಬ್ಬರು ಮನುಷ್ಯರಾಗಿಯೇ ಉಳಿಯಬೇಕು.

ಹೊತ್ತಿನ ಮಿತಿಯನ್ನು ಹೊಟ್ಟೆ ಹೇಳುತ್ತದೆ. ಹುಲ್ಲು ಅರಗುವುದು ಮೆಲುಕು ಹಾಕುವ ಪ್ರಾಣಿಯ ಹೊಟ್ಟೆಯಲ್ಲಿ ನೆಲೆಸಿದ ಸೂಕ್ಷ್ಮಜೀವಿಗಳಿಂದ. ಹೊಸದಾಗಿ ಜಿಂಕೆಯಾದವರ ಹೊಟ್ಟೆಯಲ್ಲಿ ಅವು ಇರುವುದಿಲ್ಲ. ಮೇಯಬಹುದು, ಹೊಟ್ಟೆ ಉಬ್ಬುತ್ತದೆ, ಹಸಿವು ಹೋಗುವುದಿಲ್ಲ. ಒಂದು ರಾತ್ರಿ ದಾಟಿದರೆ ಅಪಾಯ.

ಹೊತ್ತು ತಿಳಿಯುವ ಗುರುತಿಗೆ ನಮ್ಮ ಕಕ್ಕಡ 18, ಅಂದರೆ ಕೊಡವರ ಕಕ್ಕಡ ತಿಂಗಳ 18ನೇ ದಿನ, ನೆರವಾಯಿತು. ಆ ದಿನ ಮದ್ದು ಸೊಪ್ಪಿನಲ್ಲಿ 18 ಔಷಧಗಳ ಸತ್ವ ಸೇರಿರುತ್ತದೆ ಎಂಬ ನಂಬಿಕೆಯಿಂದ ಅದನ್ನು ಬೇಯಿಸಿದ ಕಡು ನೇರಳೆ ನೀರಿನಲ್ಲಿ ಪಾಯಸ ಮಾಡುತ್ತೇವೆ. ತಿಂದವರ ಮೂತ್ರ ಕೆಂಪಾಗುತ್ತದೆ. ಆ ಗಿಡವನ್ನೇ ಎತ್ತಿಕೊಳ್ಳಲಿಲ್ಲ, ಅದರ ಎರಡು ಗುಣ ತೆಗೆದುಕೊಂಡೆ. ನನ್ನ ಲೋಕದಲ್ಲಿ ರೂಪಾಂತರಕ್ಕೆ ಬಳಸುವ ಮೂಲಿಕೆಗೂ ಪೂರ್ಣ ಬಲ ಬರುವುದು ವರ್ಷದಲ್ಲಿ ಒಂದು ದಿನ, ಮೈಗೆ ಹತ್ತಿದ್ದು ಬಣ್ಣದಿಂದ ಗೊತ್ತಾಗುತ್ತದೆ. ಮೂತ್ರದ ಬಣ್ಣ ತಿಳಿಯಾಗತೊಡಗಿದರೆ ಜೊತೆಗಾರರು ತಕ್ಷಣ ಮರಳಿಸಬೇಕು.

ಮರಳಿದವರ ಕಣ್ಣನ್ನು ಮರೆಯದೆ ಪರೀಕ್ಷಿಸಿ. ಜಿಂಕೆಗೆ ಕೆಂಪು ಹಸಿರಿನ ಭೇದ ನಮ್ಮಷ್ಟು ಕಾಣುವುದಿಲ್ಲ. ಆ ಲೋಕದಲ್ಲೂ ಕಾಫಿ ಬೆಳೆಸಿದ್ದೇನೆ: ಹಣ್ಣೂ ಕಾಯಿಯೂ ಬೆರೆತ ಒಂದು ಬುಟ್ಟಿ ಮುಂದಿಟ್ಟು, ಮುಟ್ಟಿ ನೋಡದೆ ಬೇರ್ಪಡಿಸಲು ಹೇಳುತ್ತಾರೆ. ಮುಟ್ಟಿದರೆ ಹಣ್ಣಿನ ಮೆದುವಿನಿಂದ ಗೊತ್ತಾಗಿಬಿಡುತ್ತದೆ, ಪರೀಕ್ಷೆ ಕೆಡುತ್ತದೆ.

ಕಾವೇರಿ ನೀರಾಗಿ ಹರಿದ ಕಥೆ ಕೇಳಿ ಬೆಳೆದವರು ನೀರಾಗಲು ಬರುತ್ತದಾ ಎಂದು ಕೇಳಿಯೇ ಕೇಳುತ್ತಾರೆ. ಈ ಶಾಸ್ತ್ರದಲ್ಲಿ ಬರುವುದಿಲ್ಲ. ನೀರಿಗೆ ಎಣಿಸಲು ಎಲುಬಿಲ್ಲ; ಅದು ದೇವಿಯಿಂದ ಮಾತ್ರ ಆಗುವಂಥದ್ದು.

ಚಿರತೆಯ ಬಾಲದ ವಿಷಯದಲ್ಲಿ ವಿದ್ಯಾಪೀಠದೊಳಗೇ ಒಮ್ಮತವಿಲ್ಲದಂತೆ ಬಿಟ್ಟಿದ್ದೇನೆ. ಮನುಷ್ಯನಿಗೆ ಬೆನ್ನಿನ ತುದಿಯಲ್ಲಿ ಬೆಸೆದುಕೊಂಡ ಕೆಲವೇ ಚಿಕ್ಕ ಮಣಿಗಳಿವೆ, ಅಷ್ಟು ಉದ್ದದ ಬಾಲಕ್ಕೆ ಅವು ಸಾಲವು. ಚಿರತೆಯ ಕೊರಳೆಲುಬು ತೀರಾ ಕಿರಿದು, ಆದ್ದರಿಂದ ಮಿಕ್ಕದ್ದನ್ನು ಬಾಲಕ್ಕೆ ಕಳಿಸಿ ಎನ್ನುತ್ತದೆ ಒಂದು ಪಂಥ. ಹಿಂಗಾಲಿನಲ್ಲಿ ಹೇಗೂ ನಾಲ್ಕೇ ಬೆರಳು, ಕಾಲಿನ ಹೆಬ್ಬೆರಳಿನ ಎಲುಬನ್ನೇ ಬಳಸಿ ಎನ್ನುತ್ತದೆ ಇನ್ನೊಂದು. ಬಾಲಕ್ಕೆ ಪೆಟ್ಟಾದರೆ ಮೊದಲ ಪಂಥದವರಿಗೆ ಭುಜ ಹೋಗುತ್ತದೆ, ಎರಡನೆಯವರಿಗೆ ನಡಿಗೆಯ ಸಮತೋಲ. ಯಾವ ಪಂಥ ಎಂಬುದನ್ನು ಪಾತ್ರ ಬರೆಯುವಾಗಲೇ ಆರಿಸಿಕೊಳ್ಳಬೇಕು, ನಡುವೆ ಬದಲಿಸಲು ಬಿಡುವುದಿಲ್ಲ.