ಎರಡು ಚಾನ್ಸ್ ಸೇರಿದ್ರೆ ಎಷ್ಟು? ಕೂಡೋದಾ, ಗುಣಿಸೋದಾ?

ಶನಿವಾರ ಮಳೆ ಬರೋ ಚಾನ್ಸ್ 50 ಪರ್ಸೆಂಟ್, ಭಾನುವಾರಾನೂ 50, ಹಾಗಾದ್ರೆ ಎರಡು ದಿನದಲ್ಲಿ ಮಳೆ ಗ್ಯಾರಂಟಿ ಅಂತ ಕೂಡ್ಬಿಡೋರು ತುಂಬಾ ಜನ. ಅದೇ ಲೆಕ್ಕ ಮುಂದುವರ್ಸಿದ್ರೆ ಮೂರನೇ ದಿನಕ್ಕೆ 150 ಪರ್ಸೆಂಟ್ ಆಗತ್ತೆ, 100 ದಾಟಿದ ಚಾನ್ಸ್ ಅನ್ನೋದೇ ಇಲ್ವಲ್ಲ, ಅಲ್ಲಿಗೇ ಗೊತ್ತಾಗತ್ತೆ ಎಲ್ಲೋ ಎಡವಟ್ಟಾಗಿದೆ ಅಂತ.

ಲೆಕ್ಕ ಶುರು ಮಾಡೋಕೆ ಮುಂಚೆ ಒಂದು ಕೇಳ್ಕೊಳ್ಳಿ: ಎಲ್ಲಾನೂ ಆಗ್ಬೇಕಾ, ಇಲ್ಲಾ ಒಂದಾದ್ರೂ ಆದ್ರೆ ಸಾಕಾ?

ಎಲ್ಲಾನೂ ಆಗ್ಬೇಕು ಅಂದ್ರೆ ಗುಣಿಸಿ. ಒಂದು ಕೆಲ್ಸದಲ್ಲಿ ಐದು ಹಂತ ಇದೆ, ಒಂದೊಂದೂ ಸರಿಹೋಗೋ ಚಾನ್ಸ್ 90 ಪರ್ಸೆಂಟ್ ಅಂದ್ಕೊಳ್ಳಿ, ಕೇಳೋಕೆ ಧೈರ್ಯ ಬರತ್ತೆ, ಆದ್ರೆ 0.9ನ ಐದು ಸಲ ಗುಣಿಸಿ ನೋಡಿ, 0.59 ಅಷ್ಟೇ. ಹತ್ತು ಹಂತ ಆದ್ರೆ 35 ಪರ್ಸೆಂಟಿಗೆ ಇಳಿಯತ್ತೆ.

ಒಂದಾದ್ರೂ ಸಾಕು ಅಂದ್ರೆ ಉಲ್ಟಾ ಲೆಕ್ಕ ಹಾಕಿ. ಒಂದೂ ಆಗದೇ ಇರೋ ಚಾನ್ಸ್ ಕಂಡುಹಿಡಿದು 1ರಿಂದ ಕಳೀರಿ. ದಾಳ ನಾಲ್ಕು ಸಲ ಎಸೆದ್ರೆ ಒಂದು ಸಲನಾದ್ರೂ ಆರು ಬೀಳತ್ತಾ? ಒಂದು ಸಲ ಆರು ಬೀಳದೇ ಇರೋದು 5/6, ನಾಲ್ಕು ಸಲ ಗುಣಿಸಿದ್ರೆ 0.482, 1ರಿಂದ ಕಳೆದ್ರೆ ಸುಮಾರು 52 ಪರ್ಸೆಂಟ್. ಇದೇ ಜಾಗದಲ್ಲಿ ಫ್ರಾನ್ಸಿನ ಡಿ ಮೆರೆ ಅನ್ನೋ ಜೂಜುಪ್ರಿಯರು ತಲೆ ಕೆಡಿಸ್ಕೊಂಡಿದ್ರು. ಒಂದು ದಾಳಕ್ಕೆ 6 ಮುಖ, ಚಾನ್ಸ್ ಅರ್ಧ ದಾಟೋಕೆ 4 ಎಸೆತ ಸಾಕಾಗತ್ತೆ, ಜೋಡಿ ದಾಳಕ್ಕೆ 36 ಥರ ಬೀಳ್ಬಹುದು, ಅಂದ್ರೆ ಆರು ಪಟ್ಟು, ಹಾಗಾದ್ರೆ ಜೋಡಿ ಆರಿಗೂ 4ರ ಆರು ಪಟ್ಟು, 24 ಎಸೆತ ಸಾಕಾಗ್ಬೇಕಲ್ವಾ ಅಂತ. ಆದ್ರೆ ಉಲ್ಟಾ ಲೆಕ್ಕ ಹಾಕಿದ್ರೆ 24ಕ್ಕೆ ಬರೋದು 49 ಪರ್ಸೆಂಟ್, 25 ಎಸೆತ ಬೇಕು ಅರ್ಧ ದಾಟೋಕೆ. 1654ರಲ್ಲಿ ಗಣಿತಜ್ಞರಾದ ಪಾಸ್ಕಲ್ ಮತ್ತು ಫರ್ಮಾ ಬರ್ಕೊಂಡ ಪತ್ರಗಳಲ್ಲಿ ಈ ಲೆಕ್ಕದ ಮಾತೂ ಬರತ್ತೆ.

ಹಾಗಾದ್ರೆ ಕೂಡೋದು ಯಾವಾಗ? ಎರಡೂ ಒಟ್ಟಿಗೆ ಆಗೋಕೇ ಸಾಧ್ಯ ಇಲ್ದಿದ್ದಾಗ. ಒಂದೇ ಎಸೆತದಲ್ಲಿ ಐದು ಅಥವಾ ಆರು, 1/6 ಪ್ಲಸ್ 1/6, ಮುಗೀತು.

ಈಗ ಗುಣಾಕಾರಕ್ಕಿರೋ ಷರತ್ತು, ಜನ ಮರೆಯೋದು ಇದನ್ನೇ. ಒಂದಕ್ಕೂ ಇನ್ನೊಂದಕ್ಕೂ ಸಂಬಂಧ ಇರಬಾರದು. ಇಂಗ್ಲೆಂಡ್‌ನಲ್ಲಿ ಒಬ್ಬ ತಾಯಿಯ ಎರಡು ಕೂಸುಗಳು ತೀರಿಹೋದ್ವು, ಕೊಲೆ ಅಂತ ಕೇಸ್ ಆಯ್ತು, 1999ರ ವಿಚಾರಣೆಯಲ್ಲಿ ಒಬ್ಬ ಡಾಕ್ಟರ್ ಸಾಕ್ಷಿ, ಇಂಥ ಮನೇಲಿ ಹೀಗೆ ದಿಢೀರ್ ಸಾವು ಬರೋದು 8,543ಕ್ಕೆ ಒಂದು, ಅದನ್ನ ಅದರಿಂದಲೇ ಗುಣಿಸಿದ್ರೆ 7.3 ಕೋಟಿಗೆ ಒಂದು ಅಂದ್ರು. ಒಂದೇ ತಂದೆತಾಯಿ, ಒಂದೇ ಮನೆ, ಒಂದೇ ರಕ್ತ, ಎರಡಕ್ಕೂ ಸಂಬಂಧ ಇಲ್ಲ ಅಂತ ಹೇಗೆ ಗುಣಿಸ್ತೀರಿ? 2001ರಲ್ಲಿ ರಾಯಲ್ ಸ್ಟ್ಯಾಟಿಸ್ಟಿಕಲ್ ಸೊಸೈಟಿ ಅನ್ನೋ ಸಂಖ್ಯಾಶಾಸ್ತ್ರಜ್ಞರ ಸಂಘ ಇದು ತಪ್ಪು ಅಂತ ಬಹಿರಂಗವಾಗಿ ಹೇಳ್ತು. 2003ರಲ್ಲಿ ಶಿಕ್ಷೆ ರದ್ದಾಗೋ ಹೊತ್ತಿಗೆ ಆ ತಾಯಿ ಮೂರು ವರ್ಷಕ್ಕಿಂತ ಜಾಸ್ತಿ ಜೈಲಲ್ಲಿ ಕಳೆದಿದ್ರು. ಇದನ್ನ ನೆನೆದಾಗೆಲ್ಲ ನನಗೆ ಸಂಕಟ ಆಗತ್ತೆ.

ಸಂಬಂಧ ಇದ್ರೆ ಎರಡು ದಾರಿ. ಒಂದು, ಮೊದಲನೇದು ಆದ್ಮೇಲೆ ಎರಡನೇದರ ಚಾನ್ಸ್ ಎಷ್ಟು ಅಂತ ಬದಲಾಯಿಸ್ಕೊಂಡು ಗುಣಿಸೋದು. ಹತ್ತು ಸಾಕ್ಸಲ್ಲಿ ನಾಲ್ಕು ಕಪ್ಪು, ನೋಡದೇ ಎರಡು ತೆಗೆದ್ರೆ ಎರಡೂ ಕಪ್ಪಾಗೋದು 4/10 ಗುಣಿಸು 3/9, ಸುಮಾರು 13 ಪರ್ಸೆಂಟ್.

ಇನ್ನೊಂದು, ಎರಡಕ್ಕೂ ಕಾಮನ್ ಆಗಿರೋ ಕಾರಣಾನ ಬೇರೆ ತೆಗೆದಿಡೋದು. ಎರಡು ಅಲಾರಂ ಇಟ್ಟಿದೀರ, ಒಂದೊಂದೂ ಕೈಕೊಡೋದು ಹತ್ತಕ್ಕೆ ಒಂದು ಸಲ, ಎರಡೂ ಕೈಕೊಡೋದು ನೂರಕ್ಕೆ ಒಂದು ಅಂತ ನೆಮ್ಮದಿಯಾಗಿ ಮಲಗ್ತೀರ. ಆದ್ರೆ ಎರಡೂ ಕರೆಂಟಲ್ಲೇ ನಡೆಯೋದಾದ್ರೆ, ಇಪ್ಪತ್ತು ರಾತ್ರಿಗೆ ಒಂದ್ಸಲ ಕರೆಂಟ್ ಹೋಗೋದಾದ್ರೆ? ಹೋಗೋದು 0.05, ಅವಾಗ ಎರಡೂ ಸತ್ತ ಹಾಗೆ. ಕರೆಂಟ್ ಇದ್ದಾಗ ಮಾತ್ರ ಆ ನೂರಕ್ಕೆ ಒಂದರ ಲೆಕ್ಕ, 0.95 ಗುಣಿಸು 0.01. ಎರಡನ್ನೂ ಕೂಡಿ, ಹತ್ತಿರ ಹತ್ತಿರ 6 ಪರ್ಸೆಂಟ್, ನೀವು ಅಂದ್ಕೊಂಡಿದ್ದರ ಆರು ಪಟ್ಟು. ಮೂರನೇ ಅಲಾರಂ ತಂದು ಅದನ್ನೂ ಅದೇ ಕರೆಂಟಿಗೆ ಹಾಕಿದ್ರೂ 5ಕ್ಕಿಂತ ಕೆಳಗೆ ಬರಲ್ಲ, ಇರೋ ಎರಡರಲ್ಲಿ ಒಂದನ್ನ ಬ್ಯಾಟರಿದು ಮಾಡ್ಕೊಂಡ್ರೆ ಒಂದೂವರೆ ಪರ್ಸೆಂಟಿಗೆ ಇಳಿಯತ್ತೆ.