ಕ್ವಾರಿಯ ಮೇಲೆ ತೂಗಿದ ಪಾಳು ಪಟ್ಟಣ

ಕಾಡಿನಲ್ಲಿ ಹುದುಗಿದ ಪಟ್ಟಣವನ್ನು ಹುಡುಕಿ ಹೊರಡುವ ಕಥೆ, 1940ರ ದಶಕದ ಅಗ್ಗದ ಸಾಹಸ ಚಿತ್ರಗಳ ಧಾಟಿಯ ಕಪ್ಪು-ಬಿಳುಪು ಕಿರುಚಿತ್ರ. ಪಟ್ಟಣವನ್ನು ಕಂಪ್ಯೂಟರಿನಲ್ಲಿ ಕೂರಿಸದೆ, ಲೆನ್ಸ್ ಮುಂದೆ ಮಿನಿಯೇಚರ್ (ಪಟ್ಟಣದ ಪುಟ್ಟ ಮಾಡೆಲ್) ತೂಗುಹಾಕಿ ನಟರ ಜೊತೆಗೇ ಒಂದೇ ಶಾಟಿನಲ್ಲಿ ಹಿಡಿಯುತ್ತೇನೆ ಅಂದಾಗ ಯೂನಿಟ್ಟಿನಲ್ಲಿ ಯಾರೂ ನಂಬಲಿಲ್ಲ. ಹನ್ನೊಂದು ಶಾಟ್ ಸಿಕ್ಕಿವೆ. ಖರ್ಚು ಒಂಬತ್ತು ಸಾವಿರದ ಆಸುಪಾಸು, ಅದರಲ್ಲಿ ಮೂರೂವರೆ ಸಾವಿರ ಮೊದಲ ಮಾಡೆಲ್ ಜೊತೆ ಮಣ್ಣುಪಾಲು.

ಮೊದಲನೆಯದಕ್ಕೆ ಥರ್ಮಾಕೋಲ್ ಮೇಲೆ ನೇರವಾಗಿ ಸ್ಪ್ರೇ ಪೇಂಟ್ ಹೊಡೆದೆ. ಅದರೊಳಗಿನ ಥಿನ್ನರ್ ಗೋಪುರವನ್ನೇ ತಿಂದುಹಾಕಿತು. ಎರಡನೆಯದಕ್ಕೆ ಫೆವಿಕಾಲ್‌ನಲ್ಲಿ ಸೀಮೆಸುಣ್ಣದ ಪುಡಿ ಕಲಸಿ ಎರಡು ಕೈ ಬಳಿದು, ಒಣಗಿದ ಮೇಲೆ ನೀರಿನ ಬಣ್ಣ ಕೊಟ್ಟೆ.

ಅಳತೆ ಒಂದಡಿಗೆ ಅರ್ಧ ಇಂಚು, ಅಂದರೆ 1:24. ನಲವತ್ತು ಅಡಿಯ ಗೋಡೆ 20 ಇಂಚಿಗೆ ಇಳಿಯುತ್ತದೆ. ಮಾಡೆಲ್ ಲೆನ್ಸಿನಿಂದ 5 ಅಡಿಯಲ್ಲಿದ್ದರೆ ನಟರು ಅದರ 24 ಪಟ್ಟು, 120 ಅಡಿ ಆಚೆ ನಿಲ್ಲಲೇಬೇಕು. ಜಾಗ ಉಳಿಸಲು 60 ಅಡಿಗೆ ನಿಲ್ಲಿಸಿ ನೋಡಿದೆ, ಬಾಗಿಲಿಗಿಂತ ಎತ್ತರದ ರಾಕ್ಷಸರಾದರು. ಫೋಕಸ್ ವಿಷಯದಲ್ಲಂತೂ ಒಂದು ದಿನವೇ ಹೋಯಿತು: ನಟರಿಗೆ ಹಿಡಿದರೆ ಗೋಡೆ ಮಸುಕು, ಗೋಡೆಗೆ ಹಿಡಿದರೆ ನಟರು ಮಸುಕು. ಎಪಿಎಸ್-ಸಿ (ಫುಲ್‌ಫ್ರೇಮ್‌ಗಿಂತ ಚಿಕ್ಕ ಸೆನ್ಸರಿನ) ಕ್ಯಾಮೆರಾದಲ್ಲಿ 24 ಎಂಎಂ ಲೆನ್ಸ್, ಅದರ ಬೆಳಕಿನ ಕಂಡಿ ಕಿರಿದಾಗಿಸಿ ಎಫ್/11, ಎರಡಕ್ಕೂ ಹಿಡಿಯದೆ ಸುಮಾರು 10 ಅಡಿಗೆ ಫೋಕಸ್. ಐದಡಿಯಿಂದ ಅನಂತದವರೆಗೆ ಚೂಪಾಗಿ ಬರುತ್ತದೆ. ಬಿಸಿಲಿಗೆ ಎರಡು ಸ್ಟಾಪ್ ಎನ್‌ಡಿ, ಅಂದರೆ ಬೆಳಕನ್ನು ಕಾಲು ಭಾಗಕ್ಕೆ ಇಳಿಸುವ ಫಿಲ್ಟರ್ ಹಾಕಿದೆ.

ಜಾಗ, ಜಂಬಿಟ್ಟಿಗೆ ಕಲ್ಲು ಕಡಿದುಬಿಟ್ಟ ಹಳೇ ಕ್ವಾರಿ. ಕತ್ತರಿಸಿದ ಮೆಟ್ಟಿಲು ಮೆಟ್ಟಿಲು ಗೋಡೆಗಳೇ ಪಟ್ಟಣದ ಕೆಳಭಾಗವಾದವು, ಮೇಲಿನದಷ್ಟೇ ನನ್ನದು. ಮಾನಿಟರನ್ನು ಕಪ್ಪು-ಬಿಳುಪಿಗೆ ಹಾಕಿ, ಕಲ್ಲಿನ ಕೆಂಪು ಅಲ್ಲಿ ಯಾವ ಬೂದಿಯಾಗಿ ಕಾಣುತ್ತದೋ ಅದಕ್ಕೇ ಮಾಡೆಲ್ ಬಣ್ಣ ಹೊಂದಿಸಿದೆ. ಬಣ್ಣದ ಡಬ್ಬಿ ಎರಡೇ ಸಾಕಾಯಿತು. ಬಿರುಕಿಗೆ ಅಚ್ಚ ಕಪ್ಪು ತುಂಬಿದ್ದೇ ತಪ್ಪು. 120 ಅಡಿಯಾಚೆಯ ನೆರಳು ಮಂಜು ಸೇರಿ ತಿಳಿಯಾಗಿರುತ್ತದೆ, ಐದಡಿಯಲ್ಲಿ ಮಂಜೇ ಇಲ್ಲ. ಕಡುಬೂದಿ ಬಳಿದ ಮೇಲೆ ಗೋಡೆ ಹಿಂದಕ್ಕೆ ಸರಿದು ಕೂತಿತು. ಮಾಡೆಲ್ಲೂ ಕ್ವಾರಿಯ ಕಲ್ಲೂ ಸೇರುವ ಗೆರೆಯನ್ನು ಹೇಗೆ ಮುಚ್ಚಿದೆ ಎಂಬುದನ್ನು ಸದ್ಯ ನನ್ನಲ್ಲೇ ಇಟ್ಟುಕೊಳ್ಳುತ್ತೇನೆ. ಆ ಗೆರೆ ಇದುವರೆಗೆ ಯಾರ ಕಣ್ಣಿಗೂ ಬಿದ್ದಿಲ್ಲ.

ಪ್ಯಾನ್ ಮಾಡಲು (ಕ್ಯಾಮೆರಾ ಅಡ್ಡಕ್ಕೆ ತಿರುಗಿಸಲು) ಮಾಮೂಲಿ ಟ್ರೈಪಾಡ್ ಹೆಡ್ ಆಗದು, ಗೋಪುರ ಬೆಟ್ಟದ ಮೇಲೆ ಜಾರುತ್ತದೆ. ಕ್ಯಾಮೆರಾ ತಿರುಗುವ ಬಿಂದು ಲೆನ್ಸಿನ ಎಂಟ್ರೆನ್ಸ್ ಪ್ಯೂಪಿಲ್ (ಮುಂದಿನಿಂದ ನೋಡಿದರೆ ಒಳಗೆ ಬೆಳಕಿನ ಕಂಡಿ ಕಾಣುವ ಜಾಗ) ಕೆಳಗೇ ಬರಬೇಕು. ಅಲ್ಯೂಮಿನಿಯಂ ಪಟ್ಟಿಗೆ ಉದ್ದ ತೂತು ಕೊರೆಸಿ, ಕ್ಯಾಮೆರಾ ಹಿಂದಕ್ಕೆ ಸರಿಸಿಕೊಂಡೆ. ಏಳುನೂರು ರೂಪಾಯಿ ಆಗಿರಬೇಕು.

ಗಿಡಕ್ಕೆ ನಿಜವಾದ ಎಲೆ ಬೇಡ, ಒಂದೊಂದು ಎಲೆ ಕಿಟಕಿಯಷ್ಟು ಕಾಣುತ್ತದೆ. ಅಡಿಕೆ ಮರದ ಬೊಡ್ಡೆಯ ಪಾಚಿ, ಬಿಳಲಿಗೆ ತೆಂಗಿನ ನಾರು. ಪಾಚಿಯನ್ನು ಒದ್ದೆ ಗೋಣಿಯಲ್ಲಿ ಸುತ್ತಿಡದಿದ್ದರೆ ಹತ್ತು ಗಂಟೆಗೆ ಮುದುಡುತ್ತದೆ. ಅಷ್ಟರೊಳಗೆ ಗಾಳಿಯೂ ಏಳುತ್ತದೆ, ಹಾಗಾಗಿ ಏಳೂವರೆಯಿಂದ ಒಂಬತ್ತೂವರೆವರೆಗೆ ಮಾತ್ರ ಶೂಟಿಂಗ್.

ಗೋಡೆ ಕುಸಿಯುವುದನ್ನೂ ಮಾಡಿ ನೋಡಿದೆ. 24ರ ವರ್ಗಮೂಲ ಹತ್ತಿರ ಹತ್ತಿರ 5, ಆದ್ದರಿಂದ ಮಾಮೂಲಿ 24 ಫ್ರೇಮಿನ ಐದು ಪಟ್ಟು, ಸೆಕೆಂಡಿಗೆ 120 ಫ್ರೇಮ್; ಹಾಗೆ ತೆಗೆದರೆ ಪುಟ್ಟ ಗೋಡೆಯೂ ದೊಡ್ಡದರಂತೆ ನಿಧಾನವಾಗಿ ಬೀಳುತ್ತದೆ. ಆ ವೇಗದಲ್ಲಿ ನಟರು ನಿಧಾನವಾಗಿ ತೇಲುವುದರಿಂದ ಶಾಟ್ ಬೇರೆಯೇ ತೆಗೆಯಬೇಕು. ಗಟ್ಟಿ ಪಿಓಪಿ (ಪ್ಲಾಸ್ಟರ್ ಆಫ್ ಪ್ಯಾರಿಸ್) ದೊಡ್ಡ ಹೆಂಟೆಯಾಗಿ ಬಿತ್ತು, ಮರದ ಹೊಟ್ಟು ಅರ್ಧಕ್ಕರ್ಧ ಬೆರೆಸಿದ ಮೇಲೆ ಸಣ್ಣಗೆ ಒಡೆಯಿತು. ದೂಳಿಗೆ ಮೈದಾ ಹಾಕಿದರೆ ಮಲೆನಾಡಿನ ಥಂಡಿಗೆ ಗಂಟುಕಟ್ಟಿತು. ಮುಲ್ತಾನಿ ಮಿಟ್ಟಿಯನ್ನು ಬಾಣಲೆಯಲ್ಲಿ ಬಿಸಿಮಾಡಿ, ಬಟ್ಟೆಯಲ್ಲಿ ಜರಡಿ ಹಿಡಿದು ತುಂಬಿದ್ದು ಮೂರನೇ ಟೇಕಿಗೆ ಸರಿಯಾಗಿ ಎದ್ದಿತು.