ತುಂಬು ಮೈಗೆ ಗಂಡಸರ ಶೈಲಿಯ ಅಂಗಿ ಹೊಲಿಸುವ ಬಗೆ

ಗಂಡಸರ ಶೈಲಿಯ ಉಡುಪನ್ನು ಮೆಚ್ಚುವ ಲೆಸ್ಬಿಯನ್ ಹೆಣ್ಣುಮಕ್ಕಳು ತುಂಬು ಮೈಯವರಾಗಿದ್ದರೆ, ಸಿದ್ಧ ಅಂಗಿಗಳು ಎದೆಯ ಬಳಿ ಬಾಯಿಬಿಡುತ್ತವೆ, ಸೊಂಟದ ಕೆಳಗೆ ಬಿಗಿಯುತ್ತವೆ. ಸಪಾಟಾದ ಎದೆ, ಕಿರಿದಾದ ನಿತಂಬಗಳನ್ನು ಊಹಿಸಿಕೊಂಡು ಕತ್ತರಿಸಿದ ಬಟ್ಟೆಗೆ ನಮ್ಮ ಮೈಯನ್ನು ಒಗ್ಗಿಸಿಕೊಳ್ಳಬೇಕಾದ ಅಗತ್ಯವಿಲ್ಲ. ಅಳತೆ ಕೊಟ್ಟು ಹೊಲಿಸಿಕೊಳ್ಳುವ ರೂಢಿ ನಮ್ಮ ಊರುಗಳಲ್ಲಿ ಇನ್ನೂ ಉಳಿದಿರುವುದು ದೊಡ್ಡ ಅನುಕೂಲವೆಂದೇ ನಾನು ನಂಬಿದ್ದೇನೆ.

ಮೊದಲು ಇನ್‌ಸ್ಟಾಗ್ರಾಂನಲ್ಲಿ ನಿಮ್ಮಂಥದೇ ಮೈಕಟ್ಟಿನ ಕ್ವಿಯರ್ ಕ್ರಿಯೇಟರ್‌ಗಳನ್ನು ಹುಡುಕಿ, ಅವರು ತೊಟ್ಟ ಅಂಗಿಯ ಮುಂಭಾಗ, ಪಕ್ಕ, ಬೆನ್ನು ಮೂರೂ ಕಾಣುವ ಚಿತ್ರಗಳನ್ನು ಉಳಿಸಿಕೊಳ್ಳಿ. ನ್ಯೂಯಾರ್ಕಿನ ಡ್ಯಾಪರ್‌ಕ್ಯೂ ಎಂಬ ಕ್ವಿಯರ್ ಉಡುಪು ಶೈಲಿಯ ಜಾಲಪತ್ರಿಕೆ ಬ್ರೂಕ್ಲಿನ್ ಮ್ಯೂಸಿಯಂನಲ್ಲಿ ನಡೆಸಿದ ಉಡುಪು ಪ್ರದರ್ಶನಗಳ ಚಿತ್ರಗಳೂ ನೋಡತಕ್ಕವು.

ಅಂಗಿಯ ಒಳಗೆ ಯಾವ ಬ್ರಾ ಅಥವಾ ಬೈಂಡರ್ (ಎದೆ ಸಪಾಟಾಗಿ ಕಾಣಲು ತೊಡುವ ಬಿಗಿಯಾದ ಒಳಉಡುಪು) ತೊಡುವಿರೋ ಅದನ್ನೇ ತೊಟ್ಟು ಅಳತೆ ಕೊಡಿ. ಬೈಂಡರನ್ನು ಎಂಟು ಗಂಟೆಗಿಂತ ಹೆಚ್ಚು ತೊಡಬಾರದು, ತೊಟ್ಟು ಮಲಗಬಾರದು. ಅದರ ಬದಲು ಎಲಾಸ್ಟಿಕ್ ಬ್ಯಾಂಡೇಜ್ ಸುತ್ತಿಕೊಳ್ಳುವುದಂತೂ ಪಕ್ಕೆಲುಬಿಗೆ ಅಪಾಯ.

ದರ್ಜಿಗೆ ಹೇಳಬೇಕಾದದ್ದು ಇಲ್ಲಿಂದ ಮುಂದೆ. ಹೆಗಲಿಗೆ ಸರಿಯಾಗಿ ಕೂರುವ ಒಂದು ಅಂಗಿಯನ್ನು ಮಾದರಿಗೆ ಒಯ್ಯಿರಿ, ಏಕೆಂದರೆ ಹೆಗಲನ್ನು ಆಮೇಲೆ ತಿದ್ದುವುದು ಬಹಳ ಕಷ್ಟ. ಎದೆ ಮತ್ತು ನಿತಂಬದ ಅತಿ ಅಗಲದ ಜಾಗದಲ್ಲಿ ಅಳೆಸಿ, ಮೂರು ನಾಲ್ಕು ಇಂಚು ಸಡಿಲ ಬಿಡಿಸಿ. ಎದೆಯ ಅತಿ ಉಬ್ಬಿದ ರೇಖೆಯ ಮೇಲೆಯೇ ಒಂದು ಗುಂಡಿ ಬರುವಂತೆ ಮಾಡಿ, ಉಳಿದ ಗುಂಡಿಗಳ ಅಂತರವನ್ನು ಅಲ್ಲಿಂದ ಮೇಲಕ್ಕೂ ಕೆಳಕ್ಕೂ ಲೆಕ್ಕಹಾಕಲು ಹೇಳಿ, ಅದರ ಪಕ್ಕದ ಸಂದುಗಳಲ್ಲಿ ಕಾಣದ ಹಾಗೆ ಟಿಚ್ ಬಟನ್ ಹಾಕಿಸಿದರೆ ಬಾಯಿಬಿಡುವ ಕಾಟ ತಪ್ಪುತ್ತದೆ. ಗುಂಡಿಗಳು ಗಂಡಸರ ಅಂಗಿಯಂತೆ ಬಲಬದಿಗೆ ಇರಲಿ. ಸೊಂಟವನ್ನು ಹಿಡಿಯುವ ಡಾರ್ಟ್ (ಮೈಯ ಆಕಾರಕ್ಕೆ ಕೂರಲು ಒಳಗೆ ಮಡಿಸಿ ಹಾಕುವ ಹೊಲಿಗೆ) ಬೇಡವೆಂದು ಸ್ಪಷ್ಟವಾಗಿ ಹೇಳಿ, ಇಲ್ಲವಾದರೆ ಅಭ್ಯಾಸಬಲದಿಂದ ಹಾಕಿಬಿಡುತ್ತಾರೆ. ಎದೆ ತೀರ ತುಂಬಿದ್ದರೆ ಕಂಕುಳ ಬಳಿಯಿಂದ ಬರುವ ಚಿಕ್ಕ ಡಾರ್ಟ್ ಒಂದನ್ನು ಒಪ್ಪಬಹುದು. ಬೆನ್ನಿಗೆ ಬಾಕ್ಸ್ ನೆರಿಗೆ, ಪಕ್ಕಗಳಲ್ಲಿ ಎರಡು ಇಂಚಿನ ಸೀಳು ಇರಲಿ.

ಬಟ್ಟೆ ಒಗೆದ ಹತ್ತಿಯದಾಗಿರಲಿ. ಮೈಗೆ ಅಂಟುವ ರೇಯಾನ್ ಬೇಡ. ಗುಳೇದಗುಡ್ಡದ ಖಣವನ್ನು ಜೇಬಿಗೂ ಬೆನ್ನಿನ ಮೇಲ್ಪಟ್ಟಿಗೂ ಬಳಸಿದ ಅಂಗಿ ಬೆಂಗಳೂರಿನ ಪ್ರೈಡ್ ಮೆರವಣಿಗೆಗೆ ಬಹಳ ಒಪ್ಪುತ್ತದೆ. ಟ್ರಯಲ್ ನೋಡುವಾಗ ಕೂತು, ಕೈಯೆತ್ತಿ, ಬಾಗಿ ಪರೀಕ್ಷಿಸಿ. ಮೈ ಹೆಚ್ಚು ಕಡಿಮೆ ಆದಾಗ ಬಿಚ್ಚಿ ಹೊಲಿಸಲು ಪಕ್ಕದ ಹೊಲಿಗೆಗಳಲ್ಲಿ ಒಂದು ಇಂಚು ಬಟ್ಟೆ ಒಳಗೆ ಬಿಡಿಸಿಕೊಳ್ಳಿ.